ಮೇಕಿಂಗ್ ಕೆಲಸವನ್ನೇ ನಂಬಿ ಬದುಕಬಹುದಾ? ಸೆಟ್‌ನಲ್ಲಿ ಇರುವವರು, ಇದ್ದವರು ಹೇಳಿ

ತುಂಗೆಯ ದಡ

ಎಲ್ಲರಿಗೂ ನಮಸ್ಕಾರ. ಇಷ್ಟು ದಿನ ಓದಿಕೊಂಡು ಹೋಗುತ್ತಿದ್ದೆ, ಬರೆಯುತ್ತಿರುವುದು ಇದೇ ಮೊದಲು. ಸ್ವಲ್ಪ ಉದ್ದ ಆಗುತ್ತದೆ.

ನನಗೆ 29 ವರ್ಷ. ಊರು ಕೊಪ್ಪದ ಹತ್ತಿರ, ಈಗ ಬೆಂಗಳೂರಲ್ಲಿದ್ದೇನೆ. ಸ್ವಂತ ದುಡ್ಡಿನಲ್ಲಿ ಎರಡು ಕಿರುಚಿತ್ರ ಮಾಡಿದ್ದೇನೆ. ಮೂರು ವರ್ಷದಿಂದ ಹೊಟ್ಟೆಪಾಡಿಗೆ ಸಿನಿಮಾಗಳ ಮೇಕಿಂಗ್, ಅಂದರೆ ಸಿನಿಮಾ ತಯಾರಾಗುವಾಗ ಸೆಟ್‌ನಲ್ಲಿ ನಡೆಯುವುದನ್ನು ಶೂಟ್ ಮಾಡುತ್ತಿದ್ದೇನೆ. ಐದು ಸಿನಿಮಾ ಆಯಿತು. ಮುಹೂರ್ತದಿಂದ ಹಿಡಿದು ಕುಂಬಳಕಾಯಿ ಒಡೆಯುವವರೆಗೆ ಯೂನಿಟ್ ಜೊತೆಗೇ ಇರುತ್ತೇನೆ. ಅಸಿಸ್ಟೆಂಟ್ ಇಲ್ಲ. ಒಂದು ಕ್ಯಾಮೆರಾ, ಎರಡು ಲೆನ್ಸ್, ಜೇಬಿನ ತುಂಬಾ ಬ್ಯಾಟರಿ.

ಹೋದ ಮಳೆಗಾಲದಲ್ಲಿ ಒಂದು ಹಳ್ಳಿ ಕಥೆಯ ಸಿನಿಮಾ. ಬೆಳಗಿನ ಜಾವ ನಾಲ್ಕೂವರೆ. ಕಾಸ್ಟ್ಯೂಮ್ ವಿಭಾಗದ ಒಬ್ಬ ಅಮ್ಮ ದೊಡ್ಡ ಪಾತ್ರೆಯಲ್ಲಿ ಟೀ ಡಿಕಾಕ್ಷನ್ ಕುದಿಸುತ್ತಿದ್ದರು. ಕುಡಿಯುವುದಕ್ಕಲ್ಲ. ಹೊಸ ಬಿಳಿ ಪಂಚೆ, ಸೀರೆಗಳನ್ನು ಅದರಲ್ಲಿ ಅದ್ದಿ ಹಳೆಯದಾಗಿ ಕಾಣುವಂತೆ ಮಾಡುತ್ತಿದ್ದರು. ಆಮೇಲೆ ಅಂಚನ್ನು ಕಲ್ಲಿಗೆ ಉಜ್ಜಿ ಸವೆಸಿದರು. "ಗದ್ದೆಗಿಳಿಯೋಳ ಸೀರೆ ಕೆಳಗಡೆ ಸವೆಯುತ್ತೆ, ಒಲೆ ಮುಂದೆ ಇರೋಳದ್ದು ಸೆರಗಿನಲ್ಲಿ ಸವೆಯುತ್ತೆ" ಅಂತ ಹೇಳುತ್ತಾ ಹೋದರು. ನಲವತ್ತು ನಿಮಿಷ ಶೂಟ್ ಮಾಡಿದೆ. ಆ ದಿನ ನನಗೆ ಎಷ್ಟು ಖುಷಿ ಆಗಿತ್ತೆಂದರೆ ತಿಂಡಿ ತಿನ್ನುವುದೂ ನೆನಪಾಗಲಿಲ್ಲ.

ಮೇಕಿಂಗ್ ವಿಡಿಯೊ ಹೊರಗೆ ಬಂದಾಗ ಆ ಅಮ್ಮ ಅದರಲ್ಲಿ ಒಂದು ಸೆಕೆಂಡ್ ಕೂಡ ಇರಲಿಲ್ಲ. ಹೀರೊ ಬರುವುದು, ಫೈಟ್, ಕೇಕ್ ಕತ್ತರಿಸಿದ್ದು, ಎಲ್ಲರೂ ತುಂಬಾ ಎಂಜಾಯ್ ಮಾಡಿದ್ವಿ ಅಂದಿದ್ದು. ಎರಡೂವರೆ ನಿಮಿಷ.

ಮನೆಯಲ್ಲಿ, ಗೆಳೆಯರಲ್ಲಿ ಒಂದೇ ಪ್ರಶ್ನೆ. ನಿನ್ನ ಸಿನಿಮಾ ಯಾವಾಗ? ನಿಜ ಹೇಳುತ್ತೇನೆ, ನನ್ನ ಮನಸ್ಸು ಇರುವುದು ಕ್ಯಾಮೆರಾದ ಈ ಕಡೆ ನಡೆಯುವುದರಲ್ಲೇ. ಸಿನಿಮಾ ಹೇಗೆ ಆಗುತ್ತದೆ ಅನ್ನುವುದರ ಬಗ್ಗೆಯೇ ಸಿನಿಮಾ ಮಾಡಬೇಕು. ಹತ್ತು ವರ್ಷ, ಇಪ್ಪತ್ತು ವರ್ಷ ಇದನ್ನೇ ಮಾಡಿ ಬದುಕಬಹುದಾ? ಯಾರಾದರೂ ಹಾಗೆ ಬದುಕಿದ್ದಾರಾ?

ಬೂಮ್ ಹಿಡಿದವನು

ಸೌಂಡ್ ವಿಭಾಗದಲ್ಲಿ 14 ವರ್ಷ ಆಯಿತು. ದೊಡ್ಡ ಪ್ರಶ್ನೆಗೆ ಬೇರೆಯವರು ಉತ್ತರ ಕೊಡಲಿ. ನಾನು ಕೆಲಸದ ಮಾತು ಹೇಳುತ್ತೇನೆ.

ಸಿಂಕ್ ಸೌಂಡ್, ಅಂದರೆ ಶೂಟಿಂಗ್ ಹೊತ್ತಿನಲ್ಲೇ ಧ್ವನಿ ಹಿಡಿಯುವ ಸೆಟ್‌ನಲ್ಲಿ ಮೇಕಿಂಗ್ ಹುಡುಗ ಬಂದರೆ ನಮಗೆ ಮೊದಲು ಭಯ ಆಗುತ್ತದೆ. ಚಪ್ಪಲಿ ಸದ್ದು, ಫೋಕಸ್ ಬೀಪ್, ಬ್ಯಾಗಿನ ಜಿಪ್. ಒಂದು ಒಳ್ಳೆ ಟೇಕ್ ಹಾಳಾದರೆ ಕಲಾವಿದರು ಮತ್ತೆ ಅದೇ ಭಾವಕ್ಕೆ ಬರುವುದಿಲ್ಲ. ಹಾಗಾಗಿ ಬೀಪ್ ಆಫ್ ಮಾಡಿ, ಮೆತ್ತನೆ ಅಡಿಯ ಶೂ ಹಾಕಿ. ಎಲ್ಲಕ್ಕಿಂತ ಮುಖ್ಯ, ಕಲಾವಿದರ ದೃಷ್ಟಿ ಹೋಗುವ ಕಡೆ ನಿಲ್ಲಬೇಡಿ. ಅವರು ಅಳುವಾಗ ಎದುರಿಗೆ ನಿಮ್ಮ ಮುಖ ಕಂಡರೆ ಮುಗಿಯಿತು.

ಇನ್ನೊಂದು. ನಿಮ್ಮ ಹೊತ್ತು ರಿಹರ್ಸಲ್ ಹೊತ್ತು. ರೋಲಿಂಗ್ ಅಂದ ಮೇಲೆ ಸಿಗುವುದು ಮೇನ್ ಕ್ಯಾಮೆರಾಗೂ ಸಿಗುತ್ತದೆ. ಅದಕ್ಕೆ ಮೊದಲಿನ ಇಪ್ಪತ್ತು ನಿಮಿಷ, ಕಟ್ ಅಂದ ಮೇಲಿನ ಎರಡು ನಿಮಿಷ ನಿಮ್ಮವು. ನಿರ್ದೇಶಕರು ಕಲಾವಿದರ ಹತ್ತಿರ ಹೋಗಿ ಮೆಲ್ಲಗೆ ಏನೋ ಹೇಳುತ್ತಾರಲ್ಲ, ಸಿನಿಮಾ ಆಗುವುದು ಅಲ್ಲಿ. ಆ ಮಾತು ಕಲಾವಿದರ ಬಟ್ಟೆಗೆ ಸಿಕ್ಕಿಸಿದ ಲ್ಯಾಪಲ್ ಮೈಕ್‌ನಲ್ಲಿ ನಮಗೆ ಕೇಳುತ್ತಿರುತ್ತದೆ. ಸೌಂಡ್‌ನವರ ಜೊತೆ ಸ್ನೇಹ ಇಟ್ಟುಕೊಳ್ಳಿ. ನಿರ್ದೇಶಕರು, ಕಲಾವಿದರು ಇಬ್ಬರೂ ಒಪ್ಪಿದರೆ ಮಾತ್ರ ಆ ಆಡಿಯೊ ಕೊಡುತ್ತೇವೆ. ಒಪ್ಪದಿದ್ದರೆ ಕೇಳಲೇಬೇಡಿ.

ಗಾಂಧಿನಗರದ ಮ್ಯಾನೇಜರ್

ನಾನು ಪ್ರೊಡಕ್ಷನ್ ಕಡೆಯವನು. ಹುಡುಗನಿಗೆ ಬೇಜಾರಾಗದ ಹಾಗೆ ಹೇಳುತ್ತೇನೆ.

ಮೇಕಿಂಗ್‌ಗೆ ಕೊಡುವ ದುಡ್ಡು ಪ್ರಚಾರದ ಲೆಕ್ಕದಲ್ಲಿ ಬರುತ್ತದೆ, ಚಿತ್ರೀಕರಣದ ಲೆಕ್ಕದಲ್ಲಿ ಅಲ್ಲ. ಹಾಗಾಗಿ ಅದು ಪೋಸ್ಟರ್ ಇದ್ದ ಹಾಗೆ. ಪೋಸ್ಟರ್‌ನಲ್ಲಿ ಕಾಸ್ಟ್ಯೂಮ್ ಅಮ್ಮನ ಚಿತ್ರ ಯಾರೂ ಹಾಕುವುದಿಲ್ಲ. ನಿರ್ಮಾಪಕರು ಕೆಟ್ಟವರು ಅಂತಲ್ಲ. ಬಡ್ಡಿಗೆ ದುಡ್ಡು ತಂದಿರುತ್ತಾರೆ. ಬಿಡುಗಡೆಯ ಮೊದಲ ಶುಕ್ರವಾರ ಜನ ಬರಬೇಕು ಅನ್ನುವುದೊಂದೇ ತಲೆಯಲ್ಲಿ ಇರುತ್ತದೆ. ಈಗಂತೂ ಮೂವತ್ತು ಸೆಕೆಂಡಿನ ರೀಲ್ಸ್ ಸಾಕು ಅನ್ನುತ್ತಾರೆ.

ದಿನದ ಲೆಕ್ಕದಲ್ಲಿ ಹೋಗಬೇಡಿ ಅನ್ನುವುದು ನನ್ನ ಸಲಹೆ. ಶೆಡ್ಯೂಲ್ ಮಧ್ಯೆ ನಿಂತರೆ ನಿಮಗೆ ಏನೂ ಸಿಗುವುದಿಲ್ಲ. ಇಡೀ ಸಿನಿಮಾಗೆ ಒಂದು ಮೊತ್ತ ಮಾತಾಡಿ, ಮೂರು ಕಂತು ಮಾಡಿ. ಮುಹೂರ್ತಕ್ಕೆ ಒಂದು, ಟಾಕಿ ಪೋರ್ಷನ್ (ಮಾತಿನ ದೃಶ್ಯಗಳು) ಮುಗಿದಾಗ ಒಂದು, ವಿಡಿಯೊ ಕೊಡುವ ಮೊದಲು ಕೊನೆಯದು. ಕೊಟ್ಟ ಮೇಲೆ ಅಲ್ಲ, ಕೊಡುವ ಮೊದಲು.

ಹೊಸಬರ ಪಾಳಿ

ಗುರು, ನಾನು ಸ್ವಲ್ಪ ಉಲ್ಟಾ ಹೇಳುತ್ತೇನೆ. ಮೇಕಿಂಗ್ ಬಿಟ್ಟು ನಿನ್ನ ಸಿನಿಮಾ ಮಾಡು.

ಇದು ಹೊಸಬರ ಕಾಲ. 2013ರಲ್ಲಿ ಪವನ್ ಕುಮಾರ್ ಪ್ರೇಕ್ಷಕರ ಹತ್ತಿರವೇ ದುಡ್ಡು ಸೇರಿಸಿ ಲೂಸಿಯಾ ಮಾಡಿದರು. ಮಂಡ್ಯ ಕಡೆಯ ಹಳ್ಳಿಯವರನ್ನೇ ನಟರನ್ನಾಗಿ ಮಾಡಿಕೊಂಡ ತಿಥಿ 2015ರಲ್ಲಿ ಲೊಕಾರ್ನೊ ಚಿತ್ರೋತ್ಸವದಲ್ಲಿ ಪ್ರಶಸ್ತಿ ಗೆದ್ದಿತು. ನಟೇಶ್ ಹೆಗಡೆ ಉತ್ತರ ಕನ್ನಡದ ತನ್ನ ಊರಲ್ಲಿ, ತನ್ನ ತಂದೆಯನ್ನೇ ಮುಖ್ಯ ಪಾತ್ರಕ್ಕೆ ಹಾಕಿಕೊಂಡು ಪೆಡ್ರೊ ಮಾಡಿದರು. ಚಿದಾನಂದ ನಾಯ್ಕ್ ಡಾಕ್ಟರ್ ಓದಿ ಆಮೇಲೆ ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್ ಸೇರಿದವರು. ನಾಲ್ಕು ದಿನದಲ್ಲಿ ಶೂಟ್ ಮಾಡಿದ ಕಿರುಚಿತ್ರಕ್ಕೆ 2024ರಲ್ಲಿ ಕಾನ್ ಚಿತ್ರೋತ್ಸವದ ವಿದ್ಯಾರ್ಥಿ ವಿಭಾಗದ ಮೊದಲ ಬಹುಮಾನ ಬಂತು. ಕ್ಯಾಮೆರಾ ನಿನ್ನ ಕೈಯಲ್ಲೇ ಇದೆ. ಇನ್ನೊಬ್ಬರ ಮನೆ ಕಟ್ಟುವುದನ್ನು ನೋಡುತ್ತಾ ನಿಂತರೆ ನಿನ್ನ ಮನೆ ಯಾವಾಗ?

ಸಾಗರದಾಚೆ

ಹೊಸಬರ ಪಾಳಿ ಅವರೇ, ನಿಮ್ಮ ಕಾಳಜಿ ಅರ್ಥ ಆಗುತ್ತದೆ. ಆದರೆ ಮನೆ ಕಟ್ಟುವುದನ್ನು ನೋಡುವುದೇ ಕೆಲವರ ಕೆಲಸ. ಅಂಥ ಒಬ್ಬರ ಬಗ್ಗೆ ಬರೆಯುತ್ತೇನೆ.

ನಾನು ತೀರ್ಥಹಳ್ಳಿಯವನು, ಕ್ಯಾಲಿಫೋರ್ನಿಯಾದ ಬೇ ಏರಿಯಾಗೆ ಬಂದು ಇಪ್ಪತ್ತು ವರ್ಷ ಮೇಲಾಯಿತು. ಇಲ್ಲಿ ಬರ್ಕ್ಲಿ ಪಕ್ಕ ಎಲ್ ಸೆರಿಟೊ ಅನ್ನುವ ಸಣ್ಣ ಊರಿದೆ. ಸಾಕ್ಷ್ಯಚಿತ್ರ ನಿರ್ದೇಶಕ ಲೆಸ್ ಬ್ಲಾಂಕ್ ಕೆಲಸ ಮಾಡಿದ್ದು ಅಲ್ಲಿಂದ. 1935ರಲ್ಲಿ ಹುಟ್ಟಿ 2013ರಲ್ಲಿ ತೀರಿಕೊಂಡರು. ಶುರುವಿನಲ್ಲಿ ಹೊಟ್ಟೆಪಾಡಿಗೆ ಕಂಪನಿಗಳಿಗೆ ಪ್ರಚಾರದ ಚಿತ್ರ ಮಾಡುತ್ತಿದ್ದರು. ಕೋಳಿ ಮಾರುವ ಕಂಪನಿಗೂ ಮಾಡಿದ್ದಾರೆ. 1967ರಲ್ಲಿ ಫ್ಲವರ್ ಫಿಲ್ಮ್ಸ್ ಅಂತ ಸ್ವಂತದ್ದು ಶುರು ಮಾಡಿದರು. ಹಾಡುಗಾರರು, ಅಡುಗೆ ಮಾಡುವವರು, ಹಬ್ಬ ಮಾಡುವವರು, ಇವರೇ ಅವರ ವಿಷಯ. ಬೆಳ್ಳುಳ್ಳಿಯ ಮೇಲೆ ಒಂದು ಇಡೀ ಸಾಕ್ಷ್ಯಚಿತ್ರ ಇದೆ. ಅದನ್ನು ತೋರಿಸುವಾಗ ಥಿಯೇಟರ್ ಒಳಗೇ ಬೆಳ್ಳುಳ್ಳಿ ಬೇಯಿಸಿ ಪರಿಮಳ ಹರಡುತ್ತಿದ್ದರು!

ಅವರನ್ನು ಲೋಕ ಹೆಚ್ಚು ನೆನೆಯುವುದು ಮೇಕಿಂಗ್‌ಗೆ. ಜರ್ಮನಿಯ ನಿರ್ದೇಶಕ ವರ್ನರ್ ಹೆರ್ಜಾಗ್ ತಮ್ಮ ಸಿನಿಮಾಗಾಗಿ ಪೆರು ದೇಶದ ಕಾಡಿನಲ್ಲಿ ನಿಜವಾದ ಹಡಗನ್ನು ಗುಡ್ಡ ಹತ್ತಿಸಲು ಹೊರಟರು. 300 ಟನ್‌ಗೂ ಜಾಸ್ತಿ ತೂಕ. ಬ್ಲಾಂಕ್ ಒಂದು ಚಿಕ್ಕ ತಂಡ ಕಟ್ಟಿಕೊಂಡು ಅಲ್ಲಿ ಹೋಗಿ ಇದ್ದರು. ಸೌಂಡ್ ಹಿಡಿದವರೂ ಎಡಿಟ್ ಮಾಡಿದವರೂ ಒಬ್ಬರೇ, ಮೌರೀನ್ ಗಾಸ್ಲಿಂಗ್. ಹೆರ್ಜಾಗ್ ಸಿನಿಮಾದ ಹೀರೊ ಮೊದಲು ಜೇಸನ್ ರೊಬಾರ್ಡ್ಸ್. ಸುಮಾರು ಶೇ 40ರಷ್ಟು ಶೂಟಿಂಗ್ ಆದಾಗ ಭೇದಿ ರೋಗ ಬಂದು ಅಮೆರಿಕಕ್ಕೆ ವಾಪಸ್ ಹೋದರು. ಹಾಡುಗಾರ ಮಿಕ್ ಜಾಗರ್ ಕೂಡ ಬಿಟ್ಟರು. ಕ್ಲಾಸ್ ಕಿನ್ಸ್ಕಿಯನ್ನು ಕರೆಸಿ ಎಲ್ಲ ಮೊದಲಿಂದ ಶುರು. ಆ ಹಳೆ ಜೋಡಿಯ ದೃಶ್ಯಗಳು ಬ್ಲಾಂಕ್ ಚಿತ್ರದಲ್ಲಿ ಉಳಿದಿವೆ. 1982ರ ಬರ್ಡನ್ ಆಫ್ ಡ್ರೀಮ್ಸ್ ಅದು.

ನೀವು ಕೇಳಿದ್ದಕ್ಕೆ ಬರುತ್ತೇನೆ. ಆ ಚಿತ್ರದಲ್ಲಿ ಹಡಗು, ನಿರ್ದೇಶಕರ ಸಂಕಟ ಎಲ್ಲಾ ಇದೆ. ಜೊತೆಗೆ ಕ್ಯಾಂಪಿನಲ್ಲಿ ಅಡುಗೆ ಮಾಡುವವರು, ಬಟ್ಟೆ ಒಗೆಯುವವರು, ಅಲ್ಲಿನ ಮೂಲನಿವಾಸಿಗಳು ಈ ಕೆಲಸಕ್ಕೆ ಯಾಕೆ ಬಂದರು ಅನ್ನುವುದೂ ಇದೆ. ನಿಮ್ಮ ಟೀ ಡಿಕಾಕ್ಷನ್ ಅಮ್ಮ ಅಲ್ಲಿದ್ದಿದ್ದರೆ ಬ್ಲಾಂಕ್ ಖಂಡಿತ ಕ್ಯಾಮೆರಾ ಅವರ ಕಡೆ ತಿರುಗಿಸುತ್ತಿದ್ದರು.

ದುಡ್ಡು? ಶ್ರೀಮಂತರಾಗಲಿಲ್ಲ. ತಮ್ಮ ಚಿತ್ರಗಳನ್ನು ತಾವೇ ಇಟ್ಟುಕೊಂಡು, ಊರೂರಿಗೆ ಹೋಗಿ ತೋರಿಸಿ, ಟೀ ಶರ್ಟ್ ಮಾರಿ ಬದುಕಿದರು. ಚಿತ್ರಗಳು ಅವರ ಕೈಯಲ್ಲೇ ಇದ್ದವು. ಎಲ್ಲಾ ನಿಂತಿದ್ದು ಅದರ ಮೇಲೆ.

ಕತ್ತರಿ ಅಕ್ಕ

ಸಾಗರದಾಚೆ ಅವರ ಕೊನೆಯ ಮಾತು ಓದಿ ಹೊಟ್ಟೆ ಚುರುಕ್ ಅಂದಿತು. ನಾನು ಎಡಿಟರ್. ಎಂಟು ವರ್ಷದ ಹಿಂದೆ ಒಂದು ಸಿನಿಮಾದ ಮೇಕಿಂಗ್ ಫುಟೇಜ್ ನನ್ನ ಹತ್ತಿರ ಬಂತು. 62 ದಿನದ ಶೂಟಿಂಗ್, ನಾಲ್ಕು ಹಾರ್ಡ್ ಡಿಸ್ಕ್. ಒಬ್ಬ ಹುಡುಗ ಪ್ರೀತಿಯಿಂದ ತೆಗೆದಿದ್ದ. ಒಬ್ಬ ಹಿರಿಯ ಮೇಕಪ್ ಕಲಾವಿದರು ಬರೀ ಬೆರಳಲ್ಲಿ ಗಾಯದ ಗುರುತು ಮೂಡಿಸುವುದು ಅದರಲ್ಲಿತ್ತು. ನಾನು ಮೂರು ನಿಮಿಷದ ಪ್ರೋಮೊ ಮಾಡಿಕೊಟ್ಟೆ. ಎರಡು ವರ್ಷ ಆದ ಮೇಲೆ ಆ ಮೇಕಪ್ ಸರ್ ತೀರಿಕೊಂಡರು. ಮನೆಯವರು ಒಂದು ತುಣುಕು ಇದ್ದರೆ ಕೊಡಿ ಅಂದರು. ಸಂಸ್ಥೆಗೆ ಫೋನ್ ಮಾಡಿದೆ. ಡಿಸ್ಕ್ ಫಾರ್ಮ್ಯಾಟ್ ಮಾಡಿ ಬೇರೆ ಸಿನಿಮಾಗೆ ಬಳಸಿದ್ದರು. ನನ್ನ ಹತ್ತಿರ ಉಳಿದಿದ್ದು ಪ್ರೋಮೊದಲ್ಲಿ ಹಾಕಿದ ನಾಲ್ಕು ಸೆಕೆಂಡ್ ಮಾತ್ರ. ಅದನ್ನೇ ಕಳಿಸಿದೆ. ಅವತ್ತಿನಿಂದ ನಾನು ಯಾವ ಫುಟೇಜನ್ನೂ ಸುಮ್ನೆ ಬಿಟ್ಟಿಲ್ಲ.

ಎಲನೋರ್ ಕೊಪೊಲಾ ಅವರನ್ನೂ ನೆನೆಯಬೇಕು. 1976ರಲ್ಲಿ ನಿರ್ದೇಶಕರಾಗಿದ್ದ ಗಂಡನ ಯುದ್ಧದ ಸಿನಿಮಾದ ಶೂಟಿಂಗ್‌ಗೆ ಫಿಲಿಪೀನ್ಸ್‌ಗೆ ಹೋದಾಗ ಅವರ ಕೈಗೆ ಕ್ಯಾಮೆರಾ ಬಂದಿದ್ದು ಪ್ರಚಾರದ ತುಣುಕಿಗೆ. ಚಂಡಮಾರುತ ಬಂದು ಸೆಟ್ ಹಾಳಾಯಿತು, ಮುಖ್ಯ ನಟನಿಗೆ ಹೃದಯಾಘಾತ ಆಯಿತು. ಅವರು ತೆಗೆಯುತ್ತಲೇ ಹೋದರು. ರಾತ್ರಿ ಗಂಡ ಆಡುವ ಹೆದರಿಕೆಯ ಮಾತುಗಳನ್ನು ಟೇಪ್‌ನಲ್ಲಿ ಹಿಡಿದರು. ಅದೆಲ್ಲ ಸೇರಿ ಒಂದು ಪೂರ್ತಿ ಸಾಕ್ಷ್ಯಚಿತ್ರ ಆಗಿ ಹೊರಬಂದದ್ದು 1991ರಲ್ಲಿ. ಸುಮಾರು 15 ವರ್ಷ ಆ ಡಬ್ಬಿಗಳು ಕಾದವು. ಯಾರೂ ಅವನ್ನು ಅಳಿಸಲಿಲ್ಲ, ಅದಕ್ಕೇ ಆ ಚಿತ್ರ ಇದೆ. ಅವರೇ ಕಥಾಚಿತ್ರ ನಿರ್ದೇಶಿಸಿದ್ದು ಎಂಬತ್ತನೇ ವಯಸ್ಸಿನಲ್ಲಿ.

ತಮ್ಮಾ, ನಿನ್ನ ಹತ್ತಿರ ಐದು ಸಿನಿಮಾದ ಫುಟೇಜ್ ಇದೆಯಾ ಈಗ? ಇದ್ದರೆ ಎಲ್ಲಿ ಇದೆ? ಎಷ್ಟು ಕಾಪಿ? ಮೊದಲು ಅದನ್ನು ಹೇಳು.

ತುಂಗೆಯ ದಡ

ಅಕ್ಕ, ಎರಡು ಸಿನಿಮಾದ್ದು ಪೂರ್ತಿ ಇದೆ, ಕಾಸ್ಟ್ಯೂಮ್ ಅಮ್ಮನದ್ದೂ ಇದೆ. ಒಂದೇ ಡಿಸ್ಕ್, ಮನೆಯ ಬೀರುವಿನಲ್ಲಿ. ಉಳಿದ ಮೂರು ಸಂಸ್ಥೆಗೇ ಹೋಯಿತು. ಒಪ್ಪಂದ ಅಂತ ಏನೂ ಬರೆದಿಲ್ಲ. ಫೋನಿನಲ್ಲಿ ಮಾತಾಡಿದ್ದಷ್ಟೇ.

ಕತ್ತರಿ ಅಕ್ಕ

ಇವತ್ತೇ ಇನ್ನೊಂದು ಡಿಸ್ಕ್ ತಗೊಂಡು ಕಾಪಿ ಮಾಡು. ಮೂರನೇ ಕಾಪಿ ಊರಿನ ಮನೆಯಲ್ಲಿ ಇಡು. ಹಾರ್ಡ್ ಡಿಸ್ಕ್ ಬಳಸದೇ ಇಟ್ಟರೂ ಸಾಯುತ್ತದೆ, ಆರು ತಿಂಗಳಿಗೊಮ್ಮೆ ಹಾಕಿ ನೋಡು.

ಕಾಪಿ ಆದ ಮೇಲೆ ಒಂದು ಪಟ್ಟಿ ಬರಿ. ತಾರೀಖು, ಜಾಗ, ಫ್ರೇಮಿನಲ್ಲಿ ಯಾರಿದ್ದಾರೆ, ಏನು ಮಾಡುತ್ತಿದ್ದಾರೆ. ಹೆಸರು ಬರಿ, ಲೈಟ್ ಹುಡುಗ ಅಂತ ಬರೆಯಬೇಡ. ಹತ್ತು ವರ್ಷದ ಮೇಲೆ ನಿನಗೇ ಹೆಸರು ನೆನಪಿರುವುದಿಲ್ಲ. ಹೆಸರಿಲ್ಲದ ಫುಟೇಜ್ ಇದ್ದೂ ಇಲ್ಲದ ಹಾಗೆ.

ಕರಿ ಕೋಟು

ವಕೀಲಿಕೆ ಮಾಡುತ್ತೇನೆ. ಒಪ್ಪಂದ ಬರೆದಿಲ್ಲ ಅಂದದ್ದಕ್ಕೆ ಈ ಉತ್ತರ.

1957ರ ಕೃತಿಸ್ವಾಮ್ಯ ಕಾಯ್ದೆಯ 17ನೇ ಸೆಕ್ಷನ್ ಓದಿ. ಯಾರೋ ದುಡ್ಡು ಕೊಟ್ಟು ತಮಗಾಗಿ ಚಿತ್ರ ಮಾಡಿಸಿಕೊಂಡರೆ, ಬೇರೆ ರೀತಿ ಒಪ್ಪಂದ ಇಲ್ಲದಿದ್ದರೆ, ಅದರ ಮೊದಲ ಹಕ್ಕುದಾರರು ಅವರೇ. ಕ್ಯಾಮೆರಾ ನಿಮ್ಮದು, ಬೆವರು ನಿಮ್ಮದು ಅನ್ನುವುದು ಸಾಲುವುದಿಲ್ಲ. ಬೇರೆ ಒಪ್ಪಂದ ಇಲ್ಲದಿದ್ದರೆ ಅನ್ನುವ ಮಾತಿದೆಯಲ್ಲ, ನಿಮಗೆ ಇರುವ ಬಾಗಿಲು ಅದು.

ಮುಂದಿನ ಸಿನಿಮಾಗೆ ಒಂದು ಪುಟ ಸಾಕು. ಪ್ರಚಾರದ ವಿಡಿಯೊಗಳ ಹಕ್ಕು ಪೂರ್ತಿ ನಿರ್ಮಾಪಕರಿಗೆ ಬಿಡಿ. ಅದರಲ್ಲಿ ಬಳಸದ ಫುಟೇಜನ್ನು, ಸಿನಿಮಾ ಬಿಡುಗಡೆಯಾಗಿ ಇಷ್ಟು ತಿಂಗಳ ಮೇಲೆ, ಸಾಕ್ಷ್ಯಚಿತ್ರಕ್ಕೆ ಬಳಸುವ ಹಕ್ಕು ನಿಮಗೆ ಇರಲಿ. ಮೂಲ ಫುಟೇಜಿನ ಒಂದು ಕಾಪಿ ನಿಮ್ಮಲ್ಲಿ ಉಳಿಯಲಿ. ಕಲಾವಿದರ ಖಾಸಗಿ ಕ್ಷಣ ಇದ್ದರೆ ಅವರನ್ನು ಕೇಳಿಯೇ ಹಾಕುತ್ತೇನೆ ಅಂತ ನೀವೇ ಬರೆದುಕೊಡಿ. ಇದನ್ನು ಕಂಡರೆ ನಿರ್ಮಾಪಕರಿಗೂ ನಂಬಿಕೆ ಬರುತ್ತದೆ.

ಈಗಿರುವ ಎರಡು ಸಿನಿಮಾದ ಫುಟೇಜನ್ನು ಹೊರಗೆ ಹಾಕುವ ಮೊದಲು ಅವರಿಂದ ಬರಹದಲ್ಲಿ ಒಪ್ಪಿಗೆ ತಗೊಳ್ಳಿ. ವಾಟ್ಸಾಪ್ ಮೆಸೇಜ್‌ಗಿಂತ ಸಹಿ ಹಾಕಿದ ಕಾಗದ ಒಳ್ಳೆಯದು.

ಗಾಂಧಿನಗರದ ಮ್ಯಾನೇಜರ್

ಈ ಸಾಲುಗಳನ್ನು ನಾನೇ ನಮ್ಮ ನಿರ್ಮಾಪಕರ ಮುಂದೆ ಇಡಬಲ್ಲೆ. ಒಂದು ಸೇರಿಸಿ, ದುಡ್ಡಿನ ವಿಷಯದ ಮಾತುಕತೆ ಶೂಟ್ ಮಾಡುವುದಿಲ್ಲ ಅಂತ. ಅದೊಂದು ಭಯ ಹೋದರೆ ಅರ್ಧ ಜನ ಒಪ್ಪುತ್ತಾರೆ.

ಸಯ್ಯಾಜಿರಾವ್ ರಸ್ತೆ

ನಾನು ಮೈಸೂರಿನ ನಿವೃತ್ತ ಮೇಷ್ಟ್ರು. ಫಿಲ್ಮ್ ಸೊಸೈಟಿಯಲ್ಲಿ ನಲವತ್ತು ವರ್ಷ ಸಿನಿಮಾ ನೋಡಿದವನು, ಸೆಟ್ ನೋಡಿದವನಲ್ಲ. ಆದರೂ ಒಂದೆರಡು ಮಾತು ಹೇಳಬೇಕು ಅನ್ನಿಸಿತು.

ನಮ್ಮ ಊರಲ್ಲಿ ಹುಟ್ಟಿದ ವಿ. ಕೆ. ಮೂರ್ತಿಯವರು ಬೆಂಗಳೂರಿನ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ ಸಿನಿಮಾ ಛಾಯಾಗ್ರಹಣ ಕಲಿತು ಮುಂಬೈಗೆ ಹೋದರು. 1959ರಲ್ಲಿ ಗುರುದತ್ತರ ಕಾಗಜ್ ಕೆ ಫೂಲ್. ಭಾರತದ ಮೊದಲ ಸಿನಿಮಾಸ್ಕೋಪ್, ಅಂದರೆ ಅಗಲ ಪರದೆಯ ಚಿತ್ರ. ಆ ಕತ್ತಲ ಸ್ಟುಡಿಯೊ ಒಳಗೆ ಮೇಲಿನಿಂದ ಒಂದು ಬೆಳಕಿನ ಕೋಲು ಇಳಿಯುತ್ತದೆಯಲ್ಲ, ಅದಕ್ಕೆ ಅವರು ಬಳಸಿದ್ದು ದೊಡ್ಡ ಕನ್ನಡಿಗಳನ್ನು. ಹೊರಗಿನ ಬಿಸಿಲನ್ನು ಒಂದು ಕನ್ನಡಿಯಿಂದ ಇನ್ನೊಂದಕ್ಕೆ ಹೊಡೆಸಿ ಒಳಗೆ ತಂದರು. 2008ರ ಫಾಲ್ಕೆ ಪ್ರಶಸ್ತಿ ಬಂದಾಗ, ಅದನ್ನು ಪಡೆದ ಮೊದಲ ಛಾಯಾಗ್ರಾಹಕ ಅವರು.

ಈ ಕನ್ನಡಿಯ ಕಥೆ ನಮಗೆ ಗೊತ್ತಾಗಿದ್ದು ಮೂರ್ತಿಯವರು ತಮ್ಮ ಬಾಯಿಂದ ಹೇಳಿದ್ದರಿಂದ. ಕನ್ನಡಿ ಹಿಡಿದವರು ಯಾರು? ಸೂರ್ಯ ಸರಿದ ಹಾಗೆ ಅದನ್ನು ಎಷ್ಟು ಸಲ ತಿರುಗಿಸಿದರು? ಅದನ್ನು ಹಿಡಿದಿಡುವ ಇನ್ನೊಂದು ಕ್ಯಾಮೆರಾ ಅಲ್ಲಿ ಇದ್ದಿದ್ದರೆ!

ಕನ್ನಡದ ಮೊದಲ ಟಾಕಿ ಸತಿ ಸುಲೋಚನ, 1934. ಶೂಟಿಂಗ್ ಆಗಿದ್ದು ಕೊಲ್ಹಾಪುರದಲ್ಲಿ. ಅದರ ಪ್ರಿಂಟೇ ಉಳಿದಿಲ್ಲ, ಇನ್ನು ಅದನ್ನು ಹೇಗೆ ತೆಗೆದರು ಅನ್ನುವುದು ಎಲ್ಲಿ ಸಿಗಬೇಕು. 1970ರ ಸಂಸ್ಕಾರಕ್ಕೆ ಆಸ್ಟ್ರೇಲಿಯಾದ ಟಾಮ್ ಕೊವಾನ್ ಶೃಂಗೇರಿ ಹತ್ತಿರ ಬಂದು ಕ್ಯಾಮೆರಾ ಹಿಡಿದರು. ಭಾಷೆ ಬಾರದ ಮನುಷ್ಯ ಒಂದು ಅಗ್ರಹಾರದ ಬೆಳಕನ್ನು ಹೇಗೆ ಅರ್ಥ ಮಾಡಿಕೊಂಡರು? ಶಂಕರ್‌ನಾಗ್ ಮಾಲ್ಗುಡಿ ಧಾರಾವಾಹಿಗೆ ಆಗುಂಬೆಯನ್ನೇ ಒಂದು ಊರಾಗಿ ಮಾಡಿದರು. ಅಲ್ಲಿನ ದೊಡ್ಡಮನೆಗೆ ಹೋದರೆ ಈಗಲೂ ಆ ದಿನಗಳ ಮಾತು ಬರುತ್ತದೆ. ಆ ನೆನಪು ಇಟ್ಟುಕೊಂಡವರಿಗೆ ವಯಸ್ಸಾಗುತ್ತಿದೆ.

ತುಂಗೆಯ ದಡದ ಹುಡುಗಾ, ನಿನ್ನ ಊರು ಆಗುಂಬೆಗೂ ಶೃಂಗೇರಿಗೂ ಹತ್ತಿರ ಅಲ್ವಾ? ನಾನು ನಿನ್ನ ಜಾಗದಲ್ಲಿ ಇದ್ದಿದ್ದರೆ ಮುಂದಿನ ಸಿನಿಮಾ ಸಿಗುವವರೆಗೆ ಕಾಯುತ್ತಿರಲಿಲ್ಲ. ಆಗಿಹೋದ ಸಿನಿಮಾಗಳ ಹಿಂದಿನ ಜನರನ್ನು ಹುಡುಕಿಕೊಂಡು ಹೋಗುತ್ತಿದ್ದೆ.

ಹೊಸಬರ ಪಾಳಿ

ಮೇಷ್ಟ್ರೇ, ನಿಮ್ಮ ಮಾತು ಓದಿ ನನ್ನ ಅಭಿಪ್ರಾಯ ಬದಲಾಯಿತು. ನಿನ್ನ ಸಿನಿಮಾ ಮಾಡು ಅಂದಿದ್ದೆ. ಇದೇ ಅವನ ಸಿನಿಮಾ ಅಂತ ನನಗೆ ಹೊಳೆದಿರಲಿಲ್ಲ.

ಹುಡುಕಿದಾಗ ಇನ್ನೊಂದು ಜೋಡಿ ಸಿಕ್ಕಿತು. ಕೀತ್ ಫುಲ್ಟನ್, ಲೂಯಿಸ್ ಪೆಪೆ. ಮೊದಲು ನಿರ್ದೇಶಕ ಟೆರಿ ಗಿಲಿಯಮ್ ಅವರ ಒಂದು ಸಿನಿಮಾದ ಮೇಕಿಂಗ್ ಮಾಡಿದರು. ನಿರ್ದೇಶಕರಿಗೆ ಇವರ ಮೇಲೆ ನಂಬಿಕೆ ಬಂತು. 2000ರಲ್ಲಿ ಸ್ಪೇನ್‌ನಲ್ಲಿ ಮುಂದಿನ ಸಿನಿಮಾಗೂ ಕರೆದರು. ಅಲ್ಲಿ ಎರಡನೇ ದಿನವೇ ಪ್ರವಾಹ ಬಂದು ಸಾಮಾನು ಕೊಚ್ಚಿಹೋಯಿತು, ಮುಖ್ಯ ನಟ ಬೆನ್ನು ನೋವಿನಿಂದ ಕುದುರೆ ಮೇಲೆ ಕೂರಲಾಗದೆ ಹೋದರು, ಸಿನಿಮಾ ನಿಂತೇಹೋಯಿತು. ಇವರ ಹತ್ತಿರ ಫುಟೇಜ್ ಉಳಿಯಿತು. 2002ರಲ್ಲಿ ಆ ಫುಟೇಜೇ ಸಾಕ್ಷ್ಯಚಿತ್ರವಾಗಿ ಚಿತ್ರಮಂದಿರಕ್ಕೆ ಬಂತು. ಗಿಲಿಯಮ್ ಕೊನೆಗೂ ಆ ಸಿನಿಮಾ ಮುಗಿಸಿದ್ದು 2018ರಲ್ಲಿ. ಆಗಲೂ ಪಕ್ಕದಲ್ಲಿ ಕ್ಯಾಮೆರಾ ಹಿಡಿದು ನಿಂತಿದ್ದು ಈ ಇಬ್ಬರೇ. ಒಬ್ಬ ನಿರ್ದೇಶಕನ ಜೊತೆ ಇಪ್ಪತ್ತು ವರ್ಷಕ್ಕೂ ಮೇಲೆ. ಹೀಗೂ ಬದುಕಬಹುದು ಅಂತ ಆಯಿತಲ್ಲ.

ಸಾಗರದಾಚೆ

ದುಡ್ಡಿನ ದಾರಿ ಬಗ್ಗೆ ಯಾರಾದರೂ ಊರಲ್ಲಿ ಇರುವವರು ಹೇಳಬೇಕು. ಇಲ್ಲಿನ ಲೆಕ್ಕ ಅಲ್ಲಿಗೆ ಹೊಂದುವುದಿಲ್ಲ.

ಕತ್ತರಿ ಅಕ್ಕ

ನನಗೆ ಗೊತ್ತಿರುವಷ್ಟು ಹೇಳುತ್ತೇನೆ. ಬೆಂಗಳೂರಲ್ಲೇ ಇಂಡಿಯಾ ಫೌಂಡೇಶನ್ ಫಾರ್ ದಿ ಆರ್ಟ್ಸ್ ಇದೆ, 1993ರಲ್ಲಿ ಶುರುವಾಗಿದ್ದು, 1995ರಿಂದ ಕಲೆಯ ಸಂಶೋಧನೆಗೆ ಸಹಾಯಧನ ಕೊಡುತ್ತಾ ಬಂದಿದೆ. ಅರ್ಜಿಯನ್ನು ಕನ್ನಡದಲ್ಲೇ ಬರೆಯಬಹುದು. ಗೋವಾದಲ್ಲಿ ನವೆಂಬರ್‌ನಲ್ಲಿ ಕೇಂದ್ರ ಸರ್ಕಾರದ ಸಿನಿಮಾ ಸಂಸ್ಥೆ ಎನ್‌ಎಫ್‌ಡಿಸಿಯ ಫಿಲ್ಮ್ ಬಜಾರ್ (ಈಗ ವೇವ್ಸ್ ಫಿಲ್ಮ್ ಬಜಾರ್) ನಡೆಯುತ್ತದೆ, ಅಲ್ಲಿ ಸಾಕ್ಷ್ಯಚಿತ್ರಗಳಿಗೂ ಜಾಗ ಇದೆ. ತೋರಿಸುವುದಕ್ಕೆ ತಿರುವನಂತಪುರದ ಸಾಕ್ಷ್ಯಚಿತ್ರ ಉತ್ಸವ, ಮುಂಬೈನ ಉತ್ಸವ ಇವೆ. ಇದೆಲ್ಲ ಸಿಗುವುದು ನಿಧಾನ. ಅಲ್ಲಿಯವರೆಗೆ ಪ್ರೋಮೊ ಕೆಲಸ ಬಿಡಬೇಡ. ವರ್ಷಕ್ಕೆ ಎರಡು ಸಿನಿಮಾ ಮೇಕಿಂಗ್ ಮಾಡು, ಉಳಿದ ತಿಂಗಳು ನಿನ್ನ ಚಿತ್ರಕ್ಕೆ. ನಾನು ಎಡಿಟ್ ಮಾಡಿಕೊಡುತ್ತೇನೆ, ದುಡ್ಡು ಬಂದಾಗ ಕೊಡು.

ತುಂಗೆಯ ದಡ

ಎಲ್ಲರಿಗೂ ಒಟ್ಟಿಗೆ ಬರೆಯುತ್ತಿದ್ದೇನೆ. ಹನ್ನೊಂದು ದಿನ ಆಯಿತು, ತಡ ಆಗಿದ್ದಕ್ಕೆ ಕ್ಷಮಿಸಿ.

ಮೂರು ಕಾಪಿ ಆಯಿತು. ಒಂದು ಕೊಪ್ಪದಲ್ಲಿ ಅಮ್ಮನ ಹತ್ತಿರ ಇದೆ. ಪಟ್ಟಿ ಅರ್ಧ ಬರೆದಿದ್ದೇನೆ. ಬರೆಯುವಾಗ ಗೊತ್ತಾಯಿತು, ನನ್ನ ಫುಟೇಜಿನಲ್ಲಿ ಇರುವ 31 ಜನರ ಹೆಸರು ನನಗೆ ಗೊತ್ತಿಲ್ಲ. ಮೂರು ವರ್ಷ ಅವರ ಜೊತೆ ಒಂದೇ ಪಂಕ್ತಿಯಲ್ಲಿ ಊಟ ಮಾಡಿದ್ದೇನೆ. ತುಂಬಾ ಬೇಸರ ಆಯಿತು. ಒಬ್ಬೊಬ್ಬರಿಗೇ ಫೋನ್ ಮಾಡಿ ಕೇಳುತ್ತಿದ್ದೇನೆ, ಇವತ್ತಿಗೆ 19 ಉಳಿದಿದೆ.

ಹಳ್ಳಿ ಸಿನಿಮಾದ ನಿರ್ಮಾಪಕರನ್ನು ನೋಡಿ ಬಂದೆ. ಕರಿ ಕೋಟು ಸರ್ ಹೇಳಿದ ಹಾಗೆ ಒಂದು ಪುಟ ಬರೆದುಕೊಂಡು ಹೋಗಿದ್ದೆ, ಮ್ಯಾನೇಜರ್ ಸರ್ ಹೇಳಿದ ಸಾಲನ್ನೂ ಸೇರಿಸಿದ್ದೆ. ಓದಿದರು. ಪ್ರೋಮೊದಲ್ಲಿ ಬಳಸದ್ದು ನನಗೆ ಯಾಕಪ್ಪ, ನೀನೇ ಇಟ್ಕೋ ಅಂತ ಸಹಿ ಹಾಕಿದರು. ನಟರದ್ದು ಏನಾದರೂ ಹಾಕುವ ಮೊದಲು ಅವರನ್ನು ಕೇಳು ಅಂದರು, ಅಷ್ಟೇ.

ಆಮೇಲೆ ಕಾಸ್ಟ್ಯೂಮ್ ಅಮ್ಮನ ಮನೆಗೆ ಹೋದೆ, ಶ್ರೀರಾಮಪುರದಲ್ಲಿ. ಲ್ಯಾಪ್‌ಟಾಪ್‌ನಲ್ಲಿ ಆ ನಲವತ್ತು ನಿಮಿಷ ತೋರಿಸಿದೆ. ಪೂರ್ತಿ ನೋಡಿದರು. ನಡುವೆ ಒಂದು ಕಡೆ ನಿಲ್ಲಿಸು ಅಂದರು. "ಇಲ್ಲಿ ತಪ್ಪು ಮಾಡಿದೀನಿ, ಈ ಸೀರೆ ಇನ್ನೂ ಒಂದು ಸಲ ಅದ್ದಬೇಕಿತ್ತು" ಅಂದರು. ಆಮೇಲೆ ಒಳಗೆ ಹೋಗಿ ಟ್ರಂಕ್ ತಂದರು. ಒಳಗೆ ಬಟ್ಟೆ ಚೂರುಗಳು, ಒಂದೊಂದಕ್ಕೂ ದಾರದಲ್ಲಿ ಚೀಟಿ ಕಟ್ಟಿದೆ. ಯಾವ ಸಿನಿಮಾ, ಎಷ್ಟು ಹೊತ್ತು ಅದ್ದಿದ್ದು, ಟೀ ಪುಡಿ ಎಷ್ಟು. ಅವರ ಅತ್ತೆಯೂ ಇದೇ ಕೆಲಸ ಮಾಡಿದವರಂತೆ, ಮದ್ರಾಸ್ ಸ್ಟುಡಿಯೊಗಳಲ್ಲಿ. ಹಳೆಯ ಚೀಟಿಗಳು ಅತ್ತೆಯ ಕೈಬರಹ.

ಮುಂದಿನ ಭಾನುವಾರ ಬೆಳಗ್ಗೆ ಏಳಕ್ಕೆ ಬಾ, ಬಿಸಿಲು ಬೀಳೋ ಹೊತ್ತಿಗೆ ಎಲ್ಲಾ ಹರವಿ ತೋರಿಸ್ತೀನಿ ಅಂದಿದ್ದಾರೆ. ಬೂಮ್ ಹಿಡಿದವನು ಅಣ್ಣ, ಆ ಮನೆ ರಸ್ತೆ ಪಕ್ಕ ಇದೆ, ಗಾಡಿ ಸದ್ದು ಜಾಸ್ತಿ. ಯಾವ ಮೈಕ್ ತರಲಿ?

ಬೂಮ್ ಹಿಡಿದವನು

ಮೈಕ್ ತರಬೇಡ. ನಾನೇ ಬರುತ್ತೇನೆ. ಆರೂವರೆಗೆ ಅಲ್ಲಿ ಇರುತ್ತೇನೆ, ಜಾಗ ಕಳಿಸು.